ಗೀಚಿದ ರೀಲು

ರಕ್ಷಣಾ ಕಾರ್ಖಾನೆಯಿಂದ ನಿವೃತ್ತರಾಗಿ ದಿಲ್‌ಸುಖ್‌ನಗರದಲ್ಲಿ ನೆಲೆಸಿದ್ದ ಹಂಪಯ್ಯನವರಿಗೆ ಒಂದು ಹುಚ್ಚು. ಹಳೆಯ ಫಿಲ್ಮನ್ನು ಸೂಜಿಯಿಂದ ಗೀಚಿ ಪ್ರೊಜೆಕ್ಟರಿನಲ್ಲಿ ಓಡಿಸಿದರೆ ಪರದೆಯ ಮೇಲೆ ಗೆರೆಗಳು ಜೀವ ಬಂದಂತೆ ಕುಣಿಯುತ್ತಿದ್ದವು. ಒಮ್ಮೆ ಫಿಲ್ಮು ಸಾಲದೆ, ಹೆಂಡತಿ ಉಮಾಶ್ರೀಯ ಟ್ರಂಕಿನಲ್ಲಿದ್ದ ತಮ್ಮ ಮದುವೆಯ ರೀಲನ್ನು ತೆಗೆದರು. ಈಗ ಅದನ್ನು ಯಾರು ನೋಡುತ್ತಾರೆ ಎಂದುಕೊಂಡು, ಅವರನ್ನು ಕೇಳದೆಯೇ ಉದ್ದಕ್ಕೂ ಗೀಚಿದರು.

ಅಬಿಡ್ಸ್‌ನ ಸಣ್ಣ ಸಭಾಂಗಣದಲ್ಲಿ ಅದನ್ನು ತೋರಿಸಿದಾಗ ಜನ ಗೆರೆಗಳ ಕುಣಿತಕ್ಕೆ ಚಪ್ಪಾಳೆ ತಟ್ಟಿದರು. ಪಕ್ಕದಲ್ಲಿದ್ದ ಉಮಾಶ್ರೀ ಮೆಲ್ಲಗೆ ಕೇಳಿದರು: "ಗೆರಿ ಹಿಂದ ನಮ್ಮವ್ವ ಅದಾಳಲ್ರಿ?"

ಹಂಪಯ್ಯನವರಿಗೆ ಆಗಲೇ ಹೊಳೆದದ್ದು: ತೀರಿಹೋದ ಅತ್ತೆ ಓಡಾಡುವ ಚಿತ್ರ ಬೇರೆಲ್ಲೂ ಇರಲಿಲ್ಲ.

ಮರುದಿನ ಅವರು ರೀಲನ್ನು ಕಿಟಕಿಯ ಬೆಳಕಿಗೆ ಹಿಡಿದು, ಗೀಚದೆ ಉಳಿದಿದ್ದ ಒಂದು ಫ್ರೇಮನ್ನು ಹುಡುಕಿ ತೆಗೆದರು. ಅದರಲ್ಲಿ ಅತ್ತೆ ಆರತಿ ತಟ್ಟೆ ಹಿಡಿದು ನಗುತ್ತಿದ್ದರು.

"ನಂದು ಭಾಳ ತಪ್ಪಾತು. ಇದರಾಗರೆ ಚಂದ ಕಾಣಸ್ತಾರ ನೋಡು."

"ಕಾಣಸ್ತಾಳ್ರಿ," ಎಂದರು ಉಮಾಶ್ರೀ. "ಆದ್ರ ಮೊದಲ ನನ್ನ ಕಡಿ ನಡಕೊಂತ ಬರ್ತಿದ್ಲು. ಈಗ ನಿಂತಬಿಟ್ಟಾಳ."

ಆಮೇಲೆ ಹಂಪಯ್ಯನವರು ಸೂಜಿ ಮುಟ್ಟಲಿಲ್ಲ. ಗೆಳೆಯರು ಕೇಳಿದರೆ ಕಣ್ಣು ಮಂಜಾಗಿದೆ ಎಂದು ಸುಳ್ಳು ಹೇಳುತ್ತಿದ್ದರು.