ಸೀಲು ಬೀಳುವವರೆಗೆ ಕದಲದ ಸೀತಾಲಕ್ಷ್ಮಿ

ವಿಶಾಖಪಟ್ಟಣ ರೈಲು ನಿಲ್ದಾಣದಲ್ಲಿ ಈಗಷ್ಟೇ ಬೆಳಕು ಹರಿಯುತ್ತಿದೆ. ವಿಜಯವಾಡದ ರೈಲಿನಿಂದ ಇಳಿದ ಸೀತಾಲಕ್ಷ್ಮಿ ನಲ್ಲಿಯಲ್ಲಿ ಮುಖ ತೊಳೆದು, ಕೈ ಒಣಗಿದ ಮೇಲಷ್ಟೇ ಚೀಲ ತೆರೆಯುತ್ತಾರೆ. ಹೈಕೋರ್ಟ್ ಆದೇಶದ ಪ್ರತಿ ಮುದುರಿಲ್ಲ. ಒಂದು ಕಾಫಿ ಕುಡಿದು ಆಟೊ ಹತ್ತುತ್ತಾರೆ.

ಇವರು ವಕೀಲ ಚಂದ್ರಮೌಳಿಯವರ ಗುಮಾಸ್ತೆ. ಹುಟ್ಟೂರು ಬಳ್ಳಾರಿ. ಬ್ಯಾಂಕಿನಲ್ಲಿದ್ದ ಗಂಡ ಶ್ರೀಪಾದ ಅವರಿಗೆ ವರ್ಗವಾದಾಗ ವಿಜಯವಾಡಕ್ಕೆ ಬಂದವರು, ಮನೆಯಲ್ಲಿ ಹೊತ್ತು ಹೋಗದೆ ಈ ಕೆಲಸಕ್ಕೆ ಸೇರಿದರು. ಗಂಡನಿಗೆ ನಿವೃತ್ತಿಯಾಯಿತು, ಇವರಿಗಾಗಿಲ್ಲ.

ಅರ್ಜಿ ಕೊಟ್ಟು ವರ್ಷಗಟ್ಟಲೆ ಕಾದವರು ಕೋರ್ಟಿಗೆ ಹೋದರೆ, ಇಷ್ಟು ವಾರದೊಳಗೆ ತೀರ್ಮಾನಿಸಿ ಎಂದು ಸರ್ಕಾರಕ್ಕೆ ನಿರ್ದೇಶನ ಸಿಗುತ್ತದೆ. ಆದರೆ ಗಡುವು ಶುರುವಾಗುವುದು ಆದೇಶದ ಪ್ರತಿ ಕಚೇರಿಗೆ ತಲುಪಿದ ದಿನದಿಂದ. ತಲುಪಿತು ಎನ್ನಲು ಸೀಲು ಬೇಕು. ಅದನ್ನು ಹಾಕಿಸುವುದೇ ಸೀತಾಲಕ್ಷ್ಮಿಯ ಕೆಲಸ. "ಪೋಸ್ಟಿಗೆ ಹಾಕಿದ್ರೆ ಬಂದೇ ಇಲ್ಲ ಅಂತಾರ್ರಿ. ನಾನು ಎದುರಿಗೇ ಕುಂತ್ರೆ ಹೆಂಗೆ ಅಂತಾರೆ?"

ಇವತ್ತಿನ ಆದೇಶ ಕೋಟೇಶ್ವರಮ್ಮನದು. ಸರ್ಕಾರಿ ಹಾಸ್ಟೆಲಿನ ಕಾವಲುಗಾರನಾಗಿದ್ದ ಗಂಡ ಸೇವೆಯಲ್ಲಿರುವಾಗಲೇ ತೀರಿಕೊಂಡ. ಅನುಕಂಪದ ಆಧಾರದಲ್ಲಿ ತನಗೊಂದು ಕೆಲಸ ಕೊಡಿ ಎಂದು ಆಕೆ ಕೊಟ್ಟ ಅರ್ಜಿಗೆ ಹೂಂ ಇಲ್ಲ, ಊಹೂಂ ಇಲ್ಲ. ಈಗ ಅನಕಾಪಲ್ಲಿಯಿಂದ ಹೊಸ ಸೀರೆಯುಟ್ಟು, ಮಿಠಾಯಿ ಡಬ್ಬಿ ಹಿಡಿದು ಹಾಸ್ಟೆಲ್ ಇಲಾಖೆಯ ಕಚೇರಿ ಬಾಗಿಲಿಗೆ ಬಂದಿದ್ದಾಳೆ. ಮಾತೆಲ್ಲ ತೆಲುಗಿನಲ್ಲೇ.

"ಕೋರ್ಟೇ ಕೆಲಸ ಕೊಟ್ಟಿದೆಯಲ್ಲಮ್ಮಾ. ಸೇರೋ ದಿನ ಬರಿಗೈಲಿ ಬರ್ಲಾ?"

"ಕೆಲಸ ಕೊಡಿ ಅಂದಿಲ್ಲ ತಾಯಿ. ಉತ್ತರ ಕೊಡಿ ಅಂದಿದೆ, ಅಷ್ಟೆ."

ಕೋಟೇಶ್ವರಮ್ಮನ ಮುಖ ಇಳಿಯುತ್ತದೆ. "ಇಲ್ಲ ಅಂದ್ಬಿಟ್ರೆ?"

"ಬರೆದು ಕೊಡ್ಲಿ. ಅದರ ಮೇಲೆ ಜಗಳ ಆಡಬಹುದು. ಬಾಯೇ ಬಿಡದವರ ಹತ್ರ ಏನಂತ ಆಡ್ತೀಯ?"

ಒಳಗೆ ಟಪಾಲು ತೆಗೆದುಕೊಳ್ಳುವ ದುರ್ಗಾಪ್ರಸಾದ್ ಇವರನ್ನು ಕಂಡೊಡನೆ ನಿಟ್ಟುಸಿರು ಬಿಡುತ್ತಾನೆ. "ಬಂದ್ರಾ ಮೇಡಂಗಾರು? ನಿಮ್ಮನ್ನ ನೋಡಿದ್ರೇನೇ ಬಿ.ಪಿ. ಏರುತ್ತೆ."

"ಸೀಲು ಹಾಕಪ್ಪ, ನಾನು ಹೋಗ್ತೀನಿ. ತಾನೇ ಇಳಿಯುತ್ತೆ."

"ಸೀಲು ಸಾಹೇಬರ ಬೀರುವಲ್ಲಿದೆ. ಪ್ರತಿ ಇಟ್ಟು ಹೋಗಿ."

ಸೀಲು ಮೇಜಿನ ಮೇಲೆ ಕಾಣುವ ತನಕ ಪ್ರತಿಯನ್ನು ಕೈಬಿಡುವುದಿಲ್ಲ ಎಂಬುದು ಸೀತಾಲಕ್ಷ್ಮಿಯ ಪದ್ಧತಿ. ವಾದ ಮಾಡುವುದಿಲ್ಲ. ಅವನೆದುರಿನ ಬೆಂಚಿನಲ್ಲೇ ಕೂತು ಪುಳಿಯೋಗರೆ ಬಿಚ್ಚುತ್ತಾರೆ, ಕೋಟೇಶ್ವರಮ್ಮನಿಗೂ ಕೊಡುತ್ತಾರೆ. ಊಟದ ಹೊತ್ತು ಕಳೆದರೂ ಇಬ್ಬರೂ ಏಳುವುದಿಲ್ಲ. ಕೊನೆಗೆ ದುರ್ಗಾಪ್ರಸಾದ್ ತನ್ನದೇ ಡ್ರಾಯರ್ ಎಳೆದು ಸೀಲು ಹೊರತೆಗೆಯುತ್ತಾನೆ.

ಗಡುವಿನೊಳಗೇ ಉತ್ತರ ಬರುತ್ತದೆ: ವಯಸ್ಸಿನ ಮಿತಿ ದಾಟಿರುವುದರಿಂದ ಅರ್ಜಿ ತಿರಸ್ಕೃತ. ಕೋಟೇಶ್ವರಮ್ಮ ಅತ್ತುಕೊಂಡು ವಿಜಯವಾಡಕ್ಕೆ ಬರುತ್ತಾಳೆ. ಆ ಹಾಳೆ ಓದಿದ ಸೀತಾಲಕ್ಷ್ಮಿಗೆ ಮಾತ್ರ ಖುಷಿ. ಅರ್ಜಿ ಕೊಟ್ಟಾಗ ಆಕೆಯ ವಯಸ್ಸು ಮಿತಿಯೊಳಗೇ ಇತ್ತು. ದಾಟಿಸಿದ್ದು ಕಚೇರಿಯ ಮೌನ. ಇಲ್ಲ ಎನ್ನಲು ವಯಸ್ಸೊಂದೇ ಕಾರಣ ಎಂದು ಈಗ ಕಚೇರಿಯವರೇ ಬರೆದು ಕೊಟ್ಟಿದ್ದಾರೆ. ಚಂದ್ರಮೌಳಿ ಎರಡನೇ ಕೇಸು ಸಿದ್ಧಪಡಿಸುತ್ತಿದ್ದಾರೆ.

"ಈ ಸಲ ಕೆಲಸ ಕೊಡಿ ಅಂತಾನೇ ಕೇಳ್ತೀವ್ರಿ," ಎನ್ನುತ್ತಾರೆ ಸೀತಾಲಕ್ಷ್ಮಿ. "ಆ ಆರ್ಡರ್ ಬಂದ್ರೆ ಬೇರೆ ಯಾರನ್ನೂ ಕಳಿಸಬೇಡಿ ಅಂತ ಸಾರ್‌ಗೆ ಈಗ್ಲೇ ಹೇಳಿಟ್ಟೀನಿ."