ಅಕ್ಕ ಹಾಕಿದ ಕೂ

ಅಕ್ಕನ ತಿಥಿ ಮುಗಿಸಿ ಬಾಳೂರಿನಿಂದ ಬರುವಾಗ ಜನ ತುಂಬಿದ್ದ ಬಾಡಿಗೆ ಜೀಪು ಕಾಡಿನ ದಾರಿಯಲ್ಲಿ ಕೆಟ್ಟು ನಿಂತಿತು. ತೊಡೆಯ ಮೇಲೆ ಅವಳ ಅಡುಗೆಮನೆಯ ಒಂದು ಡಬ್ಬಿ, ಒಳಗೆ ಒಣಗಿಸಿದ ಮುರುಗಲು ಸಿಪ್ಪೆ. ಮುಚ್ಚಳ ತೆಗೆದೆ. ಹುಳಿ ವಾಸನೆಯ ಜೊತೆಗೆ ಕಾಡೂ ಬಂತು.

ನಿಮಗೂ ನನ್ನಂತೆ ಪತ್ತೇದಾರಿ ಕಥೆಗಳ ಚಟವಿದ್ದರೆ ಕತ್ತಲ ಕಾಡು ಗೊತ್ತಿರುತ್ತದೆ. ಒಳಗೆ ಹೋದವನು ಹೊರಗೆ ಬರುವುದಿಲ್ಲ, ಬಂದರೂ ಅವನು ಅವನಾಗಿರುವುದಿಲ್ಲ. ವೈಜ್ಞಾನಿಕ ಕಥೆಗಳ ಕಾಡಿನಲ್ಲಂತೂ ಸದ್ದು ಮಾಡಿದವನು ಸತ್ತ ಎಂದೇ ಲೆಕ್ಕ. ಇಂಥವನ್ನೇ ಬರೆದು ನಾನೂ ನಾಲ್ಕು ಜನರ ನಡುವೆ ಲೇಖಕನೆನಿಸಿಕೊಂಡಿದ್ದೇನೆ.

ನಮ್ಮ ಕಾಡಿನ ರೀತಿಯೇ ಬೇರೆ. ಅಲ್ಲಿ ಯಾರನ್ನೂ ಹೆಸರು ಹಿಡಿದು ಕರೆಯುವುದಿಲ್ಲ, 'ಕೂ' ಹಾಕುತ್ತಾರೆ. ಕೇಳಿಸಿಕೊಂಡವರು ತಿರುಗಿ ಕೂ ಹಾಕಲೇಬೇಕು. ನನಗಾಗ ಹನ್ನೆರಡು ವರ್ಷ, ಮೂಡಿಗೆರೆಯ ಲೈಬ್ರರಿ ಪುಸ್ತಕಗಳನ್ನು ಓದಿ ತಲೆ ಕೆಡಿಸಿಕೊಂಡಿದ್ದ ಕಾಲ. ಅಕ್ಕನ ಜೊತೆ ಮುರುಗಲು ಹಣ್ಣು ಆರಿಸಲು ಹೋದವನು, ಕಣ್ಮರೆಯಾಗುವುದು ಹೇಗಿರುತ್ತದೆ ನೋಡೋಣವೆಂದು ಮರದ ಹಿಂದೆ ಅಡಗಿ ಕುಳಿತೆ. ಅಕ್ಕ ಕೂ ಹಾಕಿದಳು. ಸುಮ್ಮನಿದ್ದೆ. ಮತ್ತೆ ಹಾಕಿದಳು. ಅವಳ ದನಿ ನಡುಗಿದ್ದು ಕೇಳಿ, ಹೇಳಲು ನಾಚಿಕೆಯಾಗುತ್ತದೆ, ನನಗೆ ಖುಷಿಯೇ ಆಯಿತು. ಮೂರನೆಯ ಕೂ ಹಳ್ಳದ ಕಡೆಯಿಂದ ಬಂತು. ಅದರ ಹಿಂದೆಯೇ ಕಲ್ಲು ಜಾರಿದ ಸದ್ದು.

ಮೊಣಕಾಲು ಮುರಿದಿತ್ತು. ಮೂಳೆ ಸರಿಯಾಗಿ ಕೂಡಿಕೊಳ್ಳಲಿಲ್ಲ, ಅಕ್ಕ ಬದುಕಿಡೀ ಕುಂಟಿದಳು.

"ನಾನೇ ಜಾರಿದ್ದು. ನಾ ಕರ್ದಿದ್ದು ಅವನಿಗೆ ಕೇಳ್ಸಿಲ್ಲ" ಎಂದಳು ಅಪ್ಪನಿಗೆ.

ಅವಳು ಅದನ್ನು ನಂಬಿದ್ದಳೋ, ನನ್ನನ್ನು ಉಳಿಸಲು ಹೇಳಿದಳೋ, ಕೇಳುವ ಧೈರ್ಯ ನನಗೆ ಯಾವತ್ತೂ ಬರಲಿಲ್ಲ. ನನ್ನ ಕಥೆಗಳನ್ನೆಲ್ಲ ಓದುತ್ತಿದ್ದಳು. ಕೊನೆಯ ಸಲ ಹೋದಾಗ, "ಚಂದ ಬರೀತೀಯ ಮಾರಾಯ. ಆದ್ರೆ ನಿನ್ನ ಕಾಡಲ್ಲಿ ಯಾರೂ ಕೂ ಹಾಕಲ್ಲ, ಯಾಕೆ?" ಎಂದಳು. ನಾನು ನಕ್ಕು, ಬಸ್ಸಿಗೆ ಹೊತ್ತಾಯಿತೆಂದು ಕಾಫಿ ಲೋಟ ಕೆಳಗಿಟ್ಟು ಎದ್ದೆ. ಹೇಳಿಬಿಡಬಹುದಿತ್ತು.

ಡ್ರೈವರ್ ಇನ್ನೂ ಬಾನೆಟ್ಟಿನೊಳಗೆ ತಲೆ ಹಾಕಿಕೊಂಡೇ ಇದ್ದ. ಕೆಳಗಿನ ಕಾಡಿನಿಂದ ಹೆಂಗಸೊಬ್ಬಳ ಕೂ ಕೇಳಿಸಿತು. ಯಾರೂ ಓಗೊಡಲಿಲ್ಲ. ಮತ್ತೊಮ್ಮೆ ಬಂತು. ಡಬ್ಬಿ ಬದಿಗಿಟ್ಟು, ಜೀಪಿನವರೆಲ್ಲ ತಿರುಗಿ ನೋಡುವಂತೆ ನಾನು ಕೂ ಹಾಕಿದೆ.

ಸ್ವಲ್ಪ ಹೊತ್ತಿಗೆ ಸೌದೆ ಹೊರೆ ಹೊತ್ತ ಆಕೆ ದಾರಿಗೆ ಬಂದಳು. ಜೀಪಿನವರು ನನ್ನ ಕಡೆ ಕೈ ತೋರಿಸಿದರು.

"ನಾ ಕರ್ದಿದ್ದು ನನ್ನ ತಂಗಿನ. ನೀವ್ಯಾಕೆ ಕೂ ಹಾಕಿದ್ರಿ ಮಾರಾಯ್ರೆ?"

"ಕೇಳಿಸ್ತಮ್ಮ" ಎಂದೆ. "ನನಗೆ ಕೇಳಿಸ್ತು."