ಸವಳು ನೆಲದ ಮೂರು ಬುಡ

೧೯೭೮ರ ಡಿಸೆಂಬರಿನ ಒಂದು ಸೋಮವಾರ ಬೆಳಿಗ್ಗೆ ನನ್ನ ಪ್ರವಾಸ ಬಳ್ಳಾರಿಯ ಬ್ರೂಸ್‌ಪೇಟೆಯಲ್ಲಿ ಒಂದು ಜಗಳದಿಂದ ಶುರುವಾಯಿತು. ಭತ್ತದ ಕಾಳು ತುಂಬಿ ತರಲು ಕಾಗದದ ಲಕೋಟೆಗಳು ಬೇಕಾಗಿದ್ದವು. ಆಗಷ್ಟೇ ಬಾಗಿಲು ತೆಗೆದಿದ್ದ ಪುಸ್ತಕದಂಗಡಿಗೆ ಹೋದೆ. ಅಲ್ಲಿ ಪರೀಕ್ಷೆಯ ಗೈಡುಗಳ ರಾಶಿ ಬಿದ್ದಿತ್ತು. ಜೀವಶಾಸ್ತ್ರದ ಗೈಡು ತೆಗೆದು ನೋಡಿದರೆ, 'ಜೀವಿಗಳು ತಮ್ಮ ಅಗತ್ಯಕ್ಕೆ ತಕ್ಕಂತೆ ತಾವೇ ಬದಲಾಗುತ್ತವೆ' ಎಂದು ದಪ್ಪಕ್ಷರದಲ್ಲಿ ಅಚ್ಚಾಗಿದೆ! ಹದಿನಾಲ್ಕು ವರ್ಷದಿಂದ ಕಾಲೇಜಿನಲ್ಲಿ ಇದೊಂದೇ ತಪ್ಪನ್ನು ತಿದ್ದಿ ತಿದ್ದಿ ನನ್ನ ಗಂಟಲು ಒಣಗಿದೆ. ಅಂಗಡಿಯವನಿಗೆ ಚೆನ್ನಾಗಿ ಅಂದೆ. ಅವನು ತಲೆಯೆತ್ತದೆ, ಇದನ್ನು ಓದಿದವರೆಲ್ಲ ಪಾಸಾಗಿದ್ದಾರೆ ಎಂದ. ಅದು ನಿಜವಾದ್ದರಿಂದ ನನಗೆ ಇನ್ನಷ್ಟು ಸಿಟ್ಟು ಬಂತು.

ಎಂಟು ಗಂಟೆಯ ಬಸ್ಸು ಹತ್ತಿದೆ. ಕುರುಗೋಡಿನ ಮೇಲೆ ಸುತ್ತಿ ಸಿರುಗುಪ್ಪಕ್ಕೆ ಹೋಗುವ ಬಸ್ಸು ಅದು. ನಾನು ಹೊರಟದ್ದು ಸಿರುಗುಪ್ಪ ತಾಲ್ಲೂಕಿನ ಹಚ್ಚೊಳ್ಳಿಗೆ, ಹನುಮಕ್ಕ ಎಂಬ ನಡುವಯಸ್ಸಿನ ವಿಧವೆಯ ಹೊಲ ನೋಡಲು. ಕಾಲುವೆ ನೀರು ಬಂದಮೇಲೆ ಮೇಲಿನ ಗದ್ದೆಗಳ ಬಸಿನೀರೆಲ್ಲ ಅವಳ ಒಂದೆಕರೆಗೆ ಇಳಿದು ನಿಂತು, ನೆಲ ಸವಳಾಗಿತ್ತು. ಮೇಲೆ ಬಿಳಿ ಉಪ್ಪು ಕಟ್ಟಿ, ನಾಟಿ ಮಾಡಿದ ಭತ್ತವೆಲ್ಲ ಪ್ರತಿವರ್ಷ ಸುಟ್ಟುಹೋಗುತ್ತಿತ್ತು. ಆ ವರ್ಷ ಮಾತ್ರ ಮೂರು ಬುಡ ಹಸಿರಾಗಿ ನಿಂತು ತೆನೆ ಬಿಟ್ಟಿದ್ದವು. ಅಲ್ಲಿನ ಶಾಲೆಯ ಮಾಸ್ತರನಾಗಿದ್ದ ನನ್ನ ಹಳೆಯ ವಿದ್ಯಾರ್ಥಿ ಅವಳ ಪರವಾಗಿ ನನಗೆ ಕಾರ್ಡು ಬರೆದಿದ್ದ. ಮೊದಲ ಕಾರ್ಡು ಬಂದು ಮೂರು ವಾರವಾಗಿತ್ತು, ಎರಡನೆಯದು ಬಂದು ಎಂಟು ದಿನ. ಅರ್ಧವಾರ್ಷಿಕ ಪರೀಕ್ಷೆಯ ಉತ್ತರಪತ್ರಿಕೆಗಳ ರಾಶಿ ಮುಗಿಯಬೇಕಿತ್ತಲ್ಲ.

ಈ ಮೂರು ಬುಡಕ್ಕೆ ನಾನೇಕೆ ಇಷ್ಟು ಹಾರಾಡಿದೆ ಎಂದು ಓದುಗರು ಕೇಳಬಹುದು. ತಾಯಿಗಿಡದಿಂದ ಕಾಳಿಗೆ ಇಳಿದು ಬರುವ ಗುಣಗಳೆಲ್ಲ ಒಂದು ಬರಹದ ನಕಲಿನ ಹಾಗೆ. ನಕಲು ಮಾಡುವಾಗ ಲಕ್ಷಕ್ಕೊಮ್ಮೆ ಕೈ ತಪ್ಪುತ್ತದೆ. ಬಹಳಷ್ಟು ತಪ್ಪುಗಳಿಂದ ಕೆಡುಕು, ಇಲ್ಲವೇ ಏನೂ ಇಲ್ಲ. ಎಲ್ಲೋ ಒಂದು ತಪ್ಪು, ತನಗೆ ಹೊಂದುವ ನೆಲದಲ್ಲೇ ಬಿದ್ದರೆ, ಉಳಿದು ಬೆಳೆಯುತ್ತದೆ. ನಾವೂ ನೀವೂ ಅಂಥ ತಪ್ಪುಗಳ ಮೇಲೆ ತಪ್ಪು ಪೇರಿಸಿಕೊಂಡೇ ಇಲ್ಲಿಯವರೆಗೆ ಬಂದವರು. ಹನುಮಕ್ಕನ ಮೂರು ಬುಡ ಉಪ್ಪು ತಾಳುವ ಅಂಥ ತಪ್ಪೇ ಆಗಿದ್ದರೆ, ಆ ಕಾಳುಗಳಿಂದ ಅವಳ ಎಕರೆ ಮತ್ತೆ ಹಸಿರಾಗಬಹುದಿತ್ತು. ಆ ಕಾಳು ಬೇರೆಲ್ಲಿಯೂ ಸಿಗುವಂಥದ್ದಲ್ಲ.

ಕುರುಗೋಡು ಮೂವತ್ತು ಕಿಲೋಮೀಟರಿಗೆ ತುಸು ಕಡಿಮೆ. ಊರು ಮುಟ್ಟುವ ಮೊದಲೇ ಹಿಂದಿನ ಗಾಲಿ ಪಂಕ್ಚರಾಯಿತು. ಸ್ಟೆಪ್ನಿ ಎಲ್ಲಿ ಅಂದರೆ ಅದೂ ಪಂಕ್ಚರಾಗಿ ಡಿಪೋದಲ್ಲಿದೆಯಂತೆ! ಗುಡ್ಡದ ಬಂಡೆಗಳನ್ನು ನೋಡುತ್ತ ನಡೆದುಕೊಂಡೇ ಊರು ಸೇರಿ, ಖಾನಾವಳಿಯಲ್ಲಿ ಮಂಡಕ್ಕಿ ಒಗ್ಗರಣೆ, ಎರಡು ಮಿರ್ಚಿ ತಿಂದೆ. ಮಿರ್ಚಿ ಬಿಸಿಯಾಗಿತ್ತು. ಅವತ್ತು ಸರಿಯಾಗಿದ್ದದ್ದು ಅದೊಂದೇ.

ಪಕ್ಕದಲ್ಲಿ ಕೂತ ಹತ್ತಿ ವ್ಯಾಪಾರಿಯೊಬ್ಬ ನನ್ನ ಪ್ರಯಾಣದ ಕಾರಣ ಕೇಳಿ, ನೆಲ ಸವಳಾದದ್ದು ಭತ್ತಕ್ಕೆ ಗೊತ್ತಾಗಿ ಅದು ತಾನೇ ಗಟ್ಟಿಯಾಗಿದೆ, ಬಿಡಿ ಎಂದ. ಬ್ರೂಸ್‌ಪೇಟೆಯ ಗೈಡು ಇಲ್ಲಿಗೂ ಬಂತಲ್ಲಪ್ಪ ಅನಿಸಿತು. ಹಾಗೆ ಗೊತ್ತಾಗುವಂತಿದ್ದರೆ ಉಳಿದ ಸಾವಿರಾರು ಬುಡಗಳಿಗೇಕೆ ಗೊತ್ತಾಗಲಿಲ್ಲ ಎಂದು ಕೇಳಿದೆ. ರಸ್ತೆಯಲ್ಲಿ ಬಿದ್ದ ಮೊಳೆ ಯಾವ ಬಸ್ಸು ಬರುತ್ತದೆಂದು ನೋಡಿಕೊಂಡು ಬಿದ್ದಿರುತ್ತದೆಯೇ? ಹಾಗೆಯೇ ಕಾಳಿನಲ್ಲಾದ ಬದಲಾವಣೆಯೂ. ಮೊದಲು ಅದು ಕುರುಡಾಗಿ ಆಗುತ್ತದೆ, ಆಮೇಲೆ ಉಪ್ಪು ಬಂದು ಮಿಕ್ಕವನ್ನು ಕೊಲ್ಲುತ್ತದೆ. ವ್ಯಾಪಾರಿ ಬೀಡಿ ಹಚ್ಚಿಕೊಂಡು, ಎಲ್ಲಾ ಹಣೆಬರಹ ಎಂದ. ಕೋಣನ ಮುಂದೆ ಕಿನ್ನರಿ ಬಾರಿಸಿದ ಹಾಗಾಯಿತು.

ಗಾಲಿ ರಿಪೇರಿಯಾಗಿ ಬಸ್ಸು ಬರುವಷ್ಟರಲ್ಲಿ ಎರಡು ತಾಸು ಅಲ್ಲೇ ಹೋಯಿತು. ಸಿರುಗುಪ್ಪ ಮುಟ್ಟುವಾಗ ಮಧ್ಯಾಹ್ನ. ಚಳಿಗಾಲವಾದರೂ ಬಿಸಿಲು ಚುರುಗುಟ್ಟುತ್ತಿತ್ತು. ಹಚ್ಚೊಳ್ಳಿಯ ಬಸ್ಸು ಹೋಗಿಬಿಟ್ಟಿತ್ತು. ಗೊಬ್ಬರದ ಚೀಲ ಹೇರಿಕೊಂಡು ಹೊರಟ ಟ್ರ್ಯಾಕ್ಟರಿನವನು ಪುಣ್ಯಾತ್ಮ, ಹತ್ರಿ ಸಾರ್ ಎಂದ. ದಾರಿಯುದ್ದಕ್ಕೂ ಎರಡೂ ಕಡೆ ಕೊಯ್ಲಾದ ಭತ್ತದ ಗದ್ದೆ, ಹುಲ್ಲಿನ ಬಣವೆ. ಚೀಲದ ಮೇಲೆ ಕುಲುಕಾಡುತ್ತ ಮೂಳೆಯೆಲ್ಲ ಸಡಿಲಾದರೂ ನನಗೆ ಒಳಗೊಳಗೇ ಹಿಗ್ಗು. ಪಾಠ ಹೇಳಿದ್ದನ್ನು ಕಣ್ಣಾರೆ ಕಾಣುವ ಭಾಗ್ಯ ಎಷ್ಟು ಮೇಷ್ಟ್ರುಗಳಿಗೆ ಸಿಗುತ್ತದೆ?

ಕಾರ್ಡು ಬರೆದ ಮಾಸ್ತರ ತರಬೇತಿಗೆಂದು ಪರವೂರಿಗೆ ಹೋಗಿದ್ದ. ಊರವರು ನನ್ನನ್ನು ಹನುಮಕ್ಕನ ಮೈದುನ ಬಸಣ್ಣನ ಮನೆಗೆ ಕರೆದೊಯ್ದರು. ಅಣ್ಣ ತೀರಿಕೊಂಡಮೇಲೆ ಅತ್ತಿಗೆಯ ಹೊಲದ ವ್ಯವಹಾರ ನೋಡುತ್ತಿದ್ದವನು ಅವನೇ. ಹಣೆತುಂಬ ವಿಭೂತಿ, ಬಾಯಿತುಂಬ ನಗು. ಕಾಲಿಗೆ ನೀರು ಕೊಟ್ಟು, ಕಂಬಳಿ ಹಾಸಿ ಕೂರಿಸಿ, ಮುತ್ತುಗದ ಎಲೆಯ ಮೇಲೆ ಒಂದು ಹಿಡಿ ಬೆಲ್ಲದನ್ನ ತಂದಿಟ್ಟು, ಸರಿಯಾದ ಹೊತ್ತಿಗೆ ಬಂದೀರಿ, ಪ್ರಸಾದ ತಗೋರಿ ಎಂದ. ಹಸಿದಿದ್ದೆ. ತುಪ್ಪ ಹಾಕಿ ಮಾಡಿದ್ದರು. ಎರಡು ತುತ್ತಿನಲ್ಲಿ ಮುಗಿಸಿ ಕೈ ತೊಳೆದು, ಇನ್ನು ಆ ಮೂರು ಬುಡ ತೋರಿಸಿ ಎಂದೆ.

"ತೋರ್ಸೋದೇನೈತ್ರಿ ಸಾರ್," ಎಂದ ಬಸಣ್ಣ, ಮುಖ ಅರಳಿಸಿ. "ನೀವು ಈಗ ಉಂಡ್ರಲ್ಲ, ಅದಽ ಅದು."

ಖಾಲಿ ಎಲೆಯನ್ನು ಎತ್ತಿ ನೋಡಿದೆ. ಅವನು ಹೆಮ್ಮೆಯಿಂದ ಹೇಳುತ್ತಲೇ ಹೋದ. ಹೊಸ ಭತ್ತದ ಮೊದಲ ಅಕ್ಕಿ ದೇವರಿಗೇ ಎನ್ನುವುದು ಅವರ ಮನೆತನದ ಪದ್ಧತಿ. ಸತ್ತ ನೆಲದಲ್ಲಿ ಎದ್ದು ನಿಂತ ಪೈರು ಶಿವನೇ ಕಳಿಸಿದ್ದು, ಅದನ್ನು ಮನುಷ್ಯರು ಇಟ್ಟುಕೊಂಡರೆ ದೋಷ ಎಂದು ಪೂಜಾರಿಯೂ ಹೇಳಿದನಂತೆ. ಹಿಂದಿನ ದಿನ, ಭಾನುವಾರ ಸಂಜೆ, ಡೊಳ್ಳು ಬಾರಿಸಿಕೊಂಡು ಹೋಗಿ ಬುಡಸಮೇತ ಕಿತ್ತು ತಂದರು. ಬೇರು, ಹುಲ್ಲನ್ನು ಯಾರೂ ತುಳಿಯಬಾರದೆಂದು ಕಾಲುವೆಗೆ ಬಿಟ್ಟರು. ಕಾಳನ್ನೆಲ್ಲ ಕುಟ್ಟಿ, ಸಾಲದ್ದಕ್ಕೆ ಮನೆಯ ಅಕ್ಕಿ ಬೆರೆಸಿ, ಅವತ್ತೇ ಬೆಳಿಗ್ಗೆ ಎಡೆಯಿಟ್ಟು ಓಣಿಗೆಲ್ಲ ಹಂಚಿದರು. ಒಂದು ಕಾಳನ್ನೂ ಉಳಿಸಿಕೊಂಡಿಲ್ಲ ಎಂದು ಆಣೆ ಬೇರೆ ಮಾಡಿದ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುವುದನ್ನು ಕೇಳಿದ್ದೆ, ಅವತ್ತು ಕಂಡೆ.

ಸಿಟ್ಟು ನೆತ್ತಿಗೇರಿತು. ಪರರ ಮನೆ, ಅತಿಥಿ ಎಂಬುದನ್ನೆಲ್ಲ ಮರೆತು ಕೂಗಾಡಿದೆ. ಕೊಟ್ಟವನು ಶಿವನೇ ಎಂದಾದರೆ, ಬಿತ್ತಲೆಂದು ಕೊಟ್ಟನೋ ಬೆಲ್ಲ ಹಾಕಿ ತಿನ್ನಲೆಂದು ಕೊಟ್ಟನೋ? ಹೊಲದ ಒಡತಿಯನ್ನು ಒಂದು ಮಾತು ಕೇಳಿದಿರಾ? ಬಸಣ್ಣ ಪೆಚ್ಚಾದ. ಅವನು ಕೆಟ್ಟವನಲ್ಲ, ಅದೇ ನನ್ನ ಹೊಟ್ಟೆ ಉರಿಸಿದ್ದು. ಕಳ್ಳನಾಗಿದ್ದರೆ ಒಂದಿಷ್ಟು ಕಾಳು ಬಚ್ಚಿಟ್ಟಾದರೂ ಇರುತ್ತಿದ್ದ! ಅತ್ತಿಗೆ ಬೇಡ ಅಂದಿದ್ದು ನಿಜ, ಹೆಂಗಸರ ಮಾತು ಎಂದು ಬಿಟ್ಟೆವು ಎಂದ.

ಬಾಗಿಲ ಮರೆಯಲ್ಲಿ ನಿಂತಿದ್ದ ಹೆಂಗಸು ಸೆರಗು ಬಿಗಿದು ಹೊರಗೆ ಬಂದಳು. "ಬರ್ರಿ ಸಾರ್, ನನ್ನ ಹೊಲ ನೋಡ್ರಿ," ಎಂದಷ್ಟೇ ಹೇಳಿ ಮುಂದೆ ನಡೆದಳು. ಹನುಮಕ್ಕನನ್ನು ನಾನು ಕಂಡದ್ದು ಹೀಗೆ.

ಊರಿನಿಂದ ಒಂದು ಮೈಲಿ. ನೆಲ ಸುಣ್ಣ ಚೆಲ್ಲಿದಂತೆ ಬೆಳ್ಳಗಿತ್ತು. ನಡುವೆ ಮೂರು ಗುಂಡಿ, ಸುತ್ತ ಮುಳ್ಳಿನ ಬೇಲಿ. ಹಕ್ಕಿ, ದನ ಬರದಂತೆ ಅವಳೇ ಕಟ್ಟಿದ ಬೇಲಿ. ನಾನು ಗುಂಡಿಯ ಮಣ್ಣು ಕೆದಕಿದೆ, ಅವಳೂ ಕೂತು ಕೆದಕಿದಳು. ಉದುರಿದ ಒಂದು ಕಾಳು? ಹರಿದುಳಿದ ಒಂದು ಬೇರು? ಅರ್ಧ ತಾಸು ಮಂಡಿಯೂರಿ ಹುಡುಕಿದರೂ ಏನೂ ಸಿಗಲಿಲ್ಲ.

ಹಾಗೆಯೇ ಕೂತು ಅವಳಿಗೆ ಎಲ್ಲ ಹೇಳಿದೆ. ನಕಲು, ಕೈತಪ್ಪು, ಲಕ್ಷಕ್ಕೊಂದು. ಅವಳು ಮಧ್ಯೆ ಬಾಯಿ ಹಾಕದೆ ಕೇಳಿದಳು. ಆಮೇಲೆ ನಿಧಾನವಾಗಿ, "ಹಂಗಂದ್ರ ಅದು ಉಪ್ಪು ಕಂಡು ಬದಲಾದದ್ದಲ್ಲ. ಮೊದ್ಲಽ ಹಂಗ ಹುಟ್ಟಿತ್ತು. ಸಾವ್ಕಾರ್ರ ಚಲೋ ಹೊಲ್ದಾಗೂ ಅಂಥಾವು ಹುಟ್ಟಿರ್ತಾವ, ಅಲ್ಲಿ ಎಲ್ಲಾ ಹಸಿರು ಇರ್ತೈತಿ, ನಮ್ ಕಣ್ಣಿಗೆ ಕಾಣಂಗಿಲ್ಲ. ಹೌದಿಲ್ರಿ?" ಎಂದಳು.

ನನ್ನ ತರಗತಿಯಲ್ಲಿ ಇಷ್ಟು ವರ್ಷ ಒಬ್ಬರೂ ಹೇಳದ ಮಾತು. ಹೌದು ತಾಯಿ ಎಂದೆ. ಖುಷಿಯೂ ದುಃಖವೂ ಒಟ್ಟಿಗೇ ಬಂದು, ಮತ್ತೆ ಬಸಣ್ಣನನ್ನೂ ಪೂಜಾರಿಯನ್ನೂ ಬೈಯತೊಡಗಿದೆ. ಅವಳು ತಡೆದಳು. ತೆನೆ ಹಣ್ಣಾಗಿ ಹತ್ತು ದಿನವಾಗಿತ್ತಂತೆ. ಬಳ್ಳಾರಿ ಸಾರ್ ಬಂದು ನೋಡುವತನಕ ಕೊಯ್ಯಬೇಡಿ ಎಂದು ಮೈದುನನ ಕಾಲಿಗೂ ಬಿದ್ದಳಂತೆ. ಬಂದೇ ಬರುತ್ತಾರೆ ಎಂದು ದಿನಾ ಬಸ್ಸಿನ ಹೊತ್ತಿಗೆ ಹೋಗಿ ನಿಂತಿದ್ದಳಂತೆ.

ಅಟ್ಟ ಮೇಲೆ ಒಲೆ ಉರಿಯಿತು, ಕೆಟ್ಟ ಮೇಲೆ ಬುದ್ಧಿ ಬಂತು. ಉತ್ತರಪತ್ರಿಕೆ ಎಂದು ಮೇಲೆ ಬರೆದೆನಲ್ಲ, ಅದು ಅರ್ಧ ಸುಳ್ಳು. ಮೂರು ಭಾನುವಾರ ಬಿಡುವಿದ್ದವು. ಮೊದಲ ಕಾರ್ಡನ್ನು ನಾನು ಕಾಲೇಜಿನ ಮೇಷ್ಟ್ರುಗಳಿಗೆ ಓದಿ ತೋರಿಸಿ ನಕ್ಕಿದ್ದೆ. ಹಳ್ಳಿಯ ಹೆಂಗಸಿಗೆ ಏನು ಗೊತ್ತು ಎಂದಿದ್ದೆ. ಆಕಸ್ಮಿಕದ ಪಾಠ ಹೇಳುವವನ ಮನೆಗೆ ಆಕಸ್ಮಿಕವೇ ಕಾಗದ ಬರೆದು ಕರೆದರೂ, ಬಾಗಿಲು ತೆಗೆಯಲು ಮೂರು ವಾರ ಬೇಕಾಯಿತು. ಇಷ್ಟು ಹೊತ್ತು ಊರವರ ಮೇಲೆ ಕಾರಿದ ಬೆಂಕಿಯೆಲ್ಲ ತಿರುಗಿ ನನ್ನ ಮೈಮೇಲೆಯೇ ಬಿತ್ತು.

ತಡವಾಯಿತು, ನನ್ನದೇ ತಪ್ಪು ಎಂದು ಅವಳಿಗೆ ಹೇಳಿದೆ. ಅವಳು ಕೈಗಂಟಿದ ಮಣ್ಣು ಕೊಡವಿಕೊಂಡಳು. ಸಂಜೆಯ ಬಸ್ಸಿನ ಹಾರ್ನು ದೂರದಲ್ಲಿ ಕೇಳಿಸಿತು. ಇಬ್ಬರೂ ಎದ್ದೆವು. ಬದುವಿನ ಮೇಲೆ ನಿಂತು ಅವಳು, ಅಂಥದ್ದು ಇನ್ನೊಮ್ಮೆ ಹುಟ್ಟುತ್ತದೆಯೇ ಎಂದು ಕೇಳಿದಳು. ಹುಟ್ಟಬಹುದು, ಯಾವಾಗ, ಯಾರ ಹೊಲದಲ್ಲಿ ಎಂದು ಯಾರೂ ಹೇಳಲಾರರು ಎಂದೆ. ಹುಟ್ಟಿದರೆ ಒಂದು ಕಾರ್ಡು ಬರೆಸು ತಾಯಿ, ಅವತ್ತೇ ಹೊರಟು ಬರುತ್ತೇನೆ ಎಂದೂ ಸೇರಿಸಿದೆ.

ಹನುಮಕ್ಕ ನನ್ನ ಮುಖವನ್ನೇ ನೋಡಿದಳು.

"ಬ್ಯಾಡ್ರಿ ಸಾರ್," ಎಂದಳು. "ಮುಂದಿನ ಸಲ ಯಾರಿಗೂ ಹೇಳಂಗಿಲ್ಲ. ನಾನಽ ಬಿತ್ತತೀನಿ."